ವಜ್ರಮುಷ್ಟಿ ಕಾಳಗ ‘ಒಬ್ಬ ಸಾಯುವವರೆಗೆ’ ನಡೆಯುತ್ತದೆಯೇ? ಗ್ಲಾಡಿಯೇಟರ್ ಸಿನಿಮಾಗಳು ಕಲಿಸಿದ ತಪ್ಪು ಪಾಠ

ದಸರಾ ಬಂತೆಂದರೆ ನಂಜನಗೂಡು, ತಿ. ನರಸೀಪುರ ಕಡೆಯ ಮೊಬೈಲ್‌ಗಳಿಗೂ ಮೈಸೂರು ಅರಮನೆಯ ಒಂದು ವಿಡಿಯೊ ಬಂದು ಬೀಳುತ್ತದೆ. ತಲೆ ಬೋಳಿಸಿಕೊಂಡ ಇಬ್ಬರು ಜಟ್ಟಿಗಳು, ಒಂದೆರಡು ಏಟು, ತಲೆಯಿಂದ ಇಳಿಯುವ ರಕ್ತ. ಜೊತೆಗೆ ‘ಇವರೇ ನಮ್ಮ ಗ್ಲಾಡಿಯೇಟರ್‌ಗಳು, ಒಬ್ಬ ಸಾಯುವವರೆಗೂ ಕಾಳಗ ನಿಲ್ಲದು’ ಎಂಬಂಥ ಬರಹ. ವಿಡಿಯೊ ನಿಜವೇ ಇರಬಹುದು. ಬರಹ ನಿಜವೇ? ನೋಡೋಣ.

ಅರಮನೆಯಲ್ಲಿ ನಡೆಯುವುದೇನು?

ವಜ್ರಮುಷ್ಟಿ ಕಾಳಗ ನಡೆಯುವುದು ವಿಜಯದಶಮಿಯ ದಿನ, ಅರಮನೆಯ ಕರಿಕಲ್ಲು ತೊಟ್ಟಿಯಲ್ಲಿ, ರಾಜಮನೆತನದವರ ಎದುರಿನಲ್ಲಿ. ಮೈಸೂರು, ಚಾಮರಾಜನಗರ, ಚನ್ನಪಟ್ಟಣ, ಬೆಂಗಳೂರಿನ ಜಟ್ಟಿ ಮನೆತನದವರು ಇದರಲ್ಲಿ ಸೆಣಸುತ್ತಾರೆ. ಯಾರಿಗೆ ಯಾರು ಎದುರಾಳಿ ಎಂದು ಮೊದಲೇ ಜೋಡಿ ಕಟ್ಟಲಾಗುತ್ತದೆ. ಕೈಯಲ್ಲಿ ಮೊನೆಗಳಿರುವ ವಜ್ರಮುಷ್ಟಿ ಎಂಬ ಆಯುಧ ಇರುತ್ತದೆ.

ಇಲ್ಲಿನ ಮುಖ್ಯ ನಿಯಮ ಒಂದೇ: ಮೊದಲ ಹನಿ ರಕ್ತ ಕಂಡರೆ ಕಾಳಗ ಮುಗಿಯಿತು. ಪಕ್ಕದಲ್ಲೇ ನಿಂತಿರುವ ಹಿರಿಯರು ಕೂಡಲೇ ಇಬ್ಬರನ್ನೂ ಬಿಡಿಸುತ್ತಾರೆ. ಎಷ್ಟೋ ಸಲ ಒಂದೆರಡು ನಿಮಿಷವೂ ಆಗಿರುವುದಿಲ್ಲ. ಆಮೇಲೆ ವಿಜಯಯಾತ್ರೆ, ಬನ್ನಿ ಪೂಜೆ. ಸಾಯುವವರೆಗೆ ಹೊಡೆದಾಡುವ ಮಾತೇ ಇಲ್ಲ.

ಹಿಂದೆ ಇದು ಇನ್ನೂ ಒರಟಾಗಿತ್ತೇ? ಹೌದು. 1520ರ ಸುಮಾರಿಗೆ ವಿಜಯನಗರದ ಮಹಾನವಮಿ ನೋಡಿದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಸ್, ಅಲ್ಲಿನ ಮಲ್ಲರ ಗುದ್ದಾಟದಲ್ಲಿ ಹಲ್ಲು ಮುರಿಯುತ್ತಿದ್ದುದನ್ನೂ, ಮಾತಾಡಲಾಗದ ಸ್ಥಿತಿಯಲ್ಲಿದ್ದವರನ್ನು ಗೆಳೆಯರು ಹೊತ್ತೊಯ್ಯುತ್ತಿದ್ದುದನ್ನೂ ಬರೆದಿಟ್ಟಿದ್ದಾನೆ. ಆ ಮಹಾನವಮಿಯ ಸಂಪ್ರದಾಯವನ್ನೇ 1610ರಲ್ಲಿ ರಾಜ ಒಡೆಯರು ಶ್ರೀರಂಗಪಟ್ಟಣದಲ್ಲಿ ದಸರೆಯಾಗಿ ಮುಂದುವರಿಸಿದರು. ತಿ. ನರಸೀಪುರ ತಾಲ್ಲೂಕಿನ ತಲಕಾಡು–ಮಾಲಂಗಿಯ ಅಲಮೇಲಮ್ಮನ ಶಾಪದ ಕಥೆ ಹುಟ್ಟಿದ್ದೂ ಆ ಕಾಲದ ಸುತ್ತಲೇ.

ಹಾಗಾದರೆ ರೋಮ್‌ನಲ್ಲಿ ಪ್ರತಿ ಸಲವೂ ಒಬ್ಬ ಸಾಯುತ್ತಿದ್ದನೇ?

ಅದೂ ಇಲ್ಲ. ಗ್ಲಾಡಿಯೇಟರ್‌ನನ್ನು ಸಾಕಿ, ಕಲಿಸಿ, ವೈದ್ಯ ಮಾಡಿಸಲು ಒಡೆಯನಿಗೆ ತುಂಬಾ ಹಣ ಬೀಳುತ್ತಿತ್ತು. ಪ್ರತಿ ಕಾಳಗದಲ್ಲೂ ಒಬ್ಬ ಸತ್ತರೆ ಅವನ ಬಂಡವಾಳವೇ ಮುಳುಗುತ್ತಿತ್ತು. ಆದ್ದರಿಂದ ಕಣದಲ್ಲಿ ಕೋಲು ಹಿಡಿದ ತೀರ್ಪುಗಾರರಿದ್ದರು. ಸೋತವನು ಬೆರಳೆತ್ತಿ ಶರಣಾಗಬಹುದಿತ್ತು. ಕ್ರಿ.ಶ. 80ರಲ್ಲಿ ರೋಮ್‌ನ ಕೊಲೋಸಿಯಂ ಉದ್ಘಾಟನೆಯಾದಾಗ ಪ್ರಿಸ್ಕಸ್ ಮತ್ತು ವೇರಸ್ ಎಂಬಿಬ್ಬರು ಸರಿಸಮವಾಗಿ ಹೋರಾಡಿದರು. ಚಕ್ರವರ್ತಿ ಇಬ್ಬರನ್ನೂ ಗೆದ್ದವರೆಂದು ಸಾರಿ, ಇಬ್ಬರಿಗೂ ಬಿಡುಗಡೆ ಕೊಟ್ಟ.

ಈಗಿನ ಟರ್ಕಿಯ ಎಫೆಸಸ್‌ನಲ್ಲಿ 1993ರಲ್ಲಿ ಗ್ಲಾಡಿಯೇಟರ್‌ಗಳ ಸಮಾಧಿ ಸ್ಥಳ ಸಿಕ್ಕಿತು. ಅಲ್ಲಿನ ಮೂಳೆಗಳಲ್ಲಿ ವಾಸಿಯಾದ ಗಾಯಗಳ ಗುರುತುಗಳಿವೆ. ಅಂದರೆ ಪೆಟ್ಟು ತಿಂದವರು ಬದುಕಿ, ಮತ್ತೆ ಕಣಕ್ಕೆ ಇಳಿದಿದ್ದರು. ಊಟ ಹೆಚ್ಚಾಗಿ ಧಾನ್ಯ, ಕಾಳುಗಳದ್ದು. ರೋಮನ್ನರು ಅವರನ್ನು ‘ಬಾರ್ಲಿ ತಿನ್ನುವವರು’ ಎಂದೇ ಕರೆಯುತ್ತಿದ್ದರು.

ಹಾಗೆಂದು ಅದು ಸುಖದ ಬದುಕಲ್ಲ. ಹೆಚ್ಚಿನವರು ಗುಲಾಮರು, ಯುದ್ಧ ಕೈದಿಗಳು ಅಥವಾ ಶಿಕ್ಷೆಗೆ ಒಳಗಾದವರು. ಸಾವು ಅಲ್ಲಿ ಅಪರೂಪವೂ ಆಗಿರಲಿಲ್ಲ. ಸೋತವನ ಜೀವ ಆಟ ನಡೆಸುವವನ ಒಂದು ಸನ್ನೆಯ ಮೇಲಿತ್ತು. ಅಪರಾಧಿಗಳನ್ನು ಮೃಗಗಳಿಗೆ ಎಸೆಯುವ ಮರಣದಂಡನೆಯೂ ಅದೇ ಕಣದಲ್ಲಿ ನಡೆಯುತ್ತಿತ್ತು. ಸಿನಿಮಾಗಳು ಇವೆರಡನ್ನೂ ಕಲಸಿಬಿಡುತ್ತವೆ.

ಸಿನಿಮಾ ಸೇರಿಸಿದ್ದು ಯಾವುದು?

* ಹೆಬ್ಬೆರಳು ಕೆಳಗೆ ಮಾಡಿದರೆ ಸಾವು: ‘ತಿರುಗಿಸಿದ ಹೆಬ್ಬೆರಳು’ ಎಂದಷ್ಟೇ ಹಳೆಯ ಬರಹಗಳಲ್ಲಿದೆ, ಯಾವ ಕಡೆಗೆ ಎಂದಿಲ್ಲ. ಕೆಳಮುಖದ ಹೆಬ್ಬೆರಳನ್ನು ಜನಪ್ರಿಯ ಮಾಡಿದ್ದು ಫ್ರೆಂಚ್ ಕಲಾವಿದ ಜೆರೋಮ್‌ನ 1872ರ ಚಿತ್ರ.
* ‘ಸಾಯಲಿರುವ ನಾವು ನಿಮಗೆ ವಂದಿಸುತ್ತೇವೆ’: ಈ ಮಾತು ದಾಖಲಾಗಿರುವುದು ಕ್ರಿ.ಶ. 52ರ ಒಂದು ಅಣಕು ನೌಕಾಯುದ್ಧದಲ್ಲಿ. ಹೇಳಿದವರು ಶಿಕ್ಷೆಗೊಳಗಾದ ಕೈದಿಗಳು. ಇದು ಗ್ಲಾಡಿಯೇಟರ್‌ಗಳ ದಿನನಿತ್ಯದ ವಾಡಿಕೆಯಲ್ಲ.
* 2000ದ ‘ಗ್ಲಾಡಿಯೇಟರ್’: ನಾಯಕ ಮ್ಯಾಕ್ಸಿಮಸ್ ಕಾಲ್ಪನಿಕ ಪಾತ್ರ. ಚಕ್ರವರ್ತಿ ಕೊಮೊಡಸ್ ಕಣದಲ್ಲಿ ಸಾಯಲಿಲ್ಲ. ಕ್ರಿ.ಶ. 192ರಲ್ಲಿ ನಾರ್ಸಿಸಸ್ ಎಂಬ ಪೈಲ್ವಾನ ಅವನ ಕತ್ತು ಹಿಸುಕಿ ಕೊಂದ.
* 2024ರ ಎರಡನೇ ಭಾಗದ ಶಾರ್ಕ್‌ಗಳು: ಕಣಕ್ಕೆ ನೀರು ತುಂಬಿಸಿ ಪ್ರದರ್ಶನ ನಡೆಸಿದ್ದಕ್ಕೆ ದಾಖಲೆ ಇದೆ. ಶಾರ್ಕ್ ಬಿಟ್ಟಿದ್ದಕ್ಕೆ ಇಲ್ಲ.

ಹೋಲಿಕೆ ಎಲ್ಲಿ ತಪ್ಪುತ್ತದೆ?

ತರಬೇತಿ, ನಿಯಮ, ಬಿಡಿಸುವವರು, ನೋಡುವ ಜನ: ಇಷ್ಟು ಎರಡರಲ್ಲೂ ಇವೆ. ಆದರೆ ಗ್ಲಾಡಿಯೇಟರ್ ಒಡೆಯನ ಆಸ್ತಿ. ಜಟ್ಟಿ ತನ್ನ ಮನೆತನದ ಸೇವೆ ಎಂದು ತೊಟ್ಟಿಗೆ ಇಳಿಯುವವನು, ಸಂಜೆ ಮನೆಗೆ ಮರಳುವವನು. ಅವನನ್ನು ‘ಸಾಯಲು ಬಂದವನು’ ಎಂದು ತೋರಿಸುವ ಬರಹ ಇಂದಿಗೂ ನಮ್ಮ ನಡುವೆ ಬದುಕಿರುವ ಒಂದು ಸಮುದಾಯದ ಬಗ್ಗೆ ಸುಳ್ಳು ಹಬ್ಬಿಸಿದಂತೆ.

ನಮ್ಮ ತೀರ್ಮಾನ: ‘ಒಬ್ಬ ಸಾಯುವವರೆಗೂ’ ಎಂಬುದು ಸುಳ್ಳು. ವಿಡಿಯೊ ಹಂಚುವುದಾದರೆ ಆ ಸಾಲನ್ನು ಅಳಿಸಿ, ‘ಮೊದಲ ಹನಿ ರಕ್ತಕ್ಕೆ ಮುಗಿಯುವ ಕಾಳಗ’ ಎಂದು ಬರೆದು ಕಳಿಸಿ.