ಕಾಳು ಬಲಿತ ಮೇಲೆ ಬಂದ ಮಳೆ

ಸಿಂದಗಿ ಸೀಮೆಯ ಕನ್ನೊಳ್ಳಿಯಂಥ ಊರುಗಳಲ್ಲಿ ಮಳೆಯ ಬೆಲೆ ತಿಳಿಯದವರಿಲ್ಲ. ಆದರೆ ಮಳೆ ಬಂದರಷ್ಟೇ ಸಾಲದು, ಹೊತ್ತಿಗೆ ಬರಬೇಕು. ಹಿಂಗಾರಿ ಜೋಳದ ತೆನೆ ಬಲಿತ ಮೇಲೆ ಸುರಿದ ಮಳೆಯಿಂದ ಕಾಳು ಕಪ್ಪಾಗುವುದೇ ಹೊರತು ಬೆಳೆ ಹೆಚ್ಚುವುದಿಲ್ಲ. ನ್ಯಾಯಸ್ಥಾನಕ್ಕೆ ತಡವಾಗಿ ಬಂದ ಕಾಗದಪತ್ರವನ್ನು ನಮ್ಮ ಪ್ರಾಚೀನರು ಇಂಥ ಮಳೆಗೇ ಹೋಲಿಸಿದ್ದರು. ವ್ಯಾಜ್ಯ ತೀರ್ಮಾನವಾದ ಮೇಲೆ ತಂದ ಸಾಕ್ಷ್ಯವು ಪೈರು ಮಾಗಿದ ಮೇಲಿನ ಮಳೆಯಂತೆ ನಿಷ್ಫಲ ಎಂಬುದು ನಾರದಸ್ಮೃತಿಯ ಅಭಿಪ್ರಾಯ. ಅಂಥ ಪತ್ರವೊಂದಿದೆಯೆಂದು ಮೊದಲೇ ತಿಳಿಸಿದ್ದರೆ ಮಾತ್ರ ವಿನಾಯಿತಿ.

ಈ ಹಳೆಯ ಮಾತು ಇಂದು ನೆನಪಾಗಲು ಕಾರಣವಿದೆ. ಸಿಂದಗಿಯ ವ್ಯಾಪಾರಿಯೊಬ್ಬ ಸೊಲ್ಲಾಪುರದ ಗಿರಣಿಗೆ ತೊಗರಿ ಕಳಿಸಿದನೆಂದು ಭಾವಿಸಿ. ಹಣ ಬರಲಿಲ್ಲ. ಬಾಕಿ 3 ಲಕ್ಷ ರೂಪಾಯಿಗೆ ಕಡಿಮೆಯಿಲ್ಲದಿದ್ದರೆ ಅದು ವಾಣಿಜ್ಯ ನ್ಯಾಯಾಲಯದ ವ್ಯಾಜ್ಯವಾಗುತ್ತದೆ. ಅಲ್ಲಿ ಅವನ ಹಕ್ಕು ಎಷ್ಟು ನ್ಯಾಯವಾದದ್ದು ಎಂಬುದರಷ್ಟೇ, ಅವನ ಕಾಗದಗಳು ಯಾವ ದಿನ ಕೋರ್ಟಿಗೆ ಬಂದವು ಎಂಬುದೂ ಮುಖ್ಯ.

ಈ ಶಿಸ್ತು ವಿಲಾಯಿತಿಯಿಂದ ಬಂದದ್ದೆಂದು ಹಲವರು ತಿಳಿದಿದ್ದಾರೆ. ವಾಸ್ತವವಾಗಿ ಅದರ ಒಂದು ಬೇರು ಕನ್ನಡ ನಾಡಿನಲ್ಲೇ ಇದೆ. ವಿಜಾಪುರ ಸೀಮೆಯನ್ನೂ ಆಳಿದ ಚಾಲುಕ್ಯರ ರಾಜಧಾನಿ ಕಲ್ಯಾಣ, ಅಂದರೆ ಇಂದಿನ ಬಸವಕಲ್ಯಾಣ. ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ (1076–1126) ಅಲ್ಲಿ ವಿಜ್ಞಾನೇಶ್ವರನು ಯಾಜ್ಞವಲ್ಕ್ಯಸ್ಮೃತಿಗೆ ‘ಮಿತಾಕ್ಷರಾ’ ಎಂಬ ವ್ಯಾಖ್ಯಾನವನ್ನು ಬರೆದನು. ಆ ಸ್ಮೃತಿಯ ವ್ಯವಹಾರಾಧ್ಯಾಯದಲ್ಲಿ ಪ್ರಮಾಣಗಳು ಮೂರು: ಲಿಖಿತ, ಭುಕ್ತಿ, ಸಾಕ್ಷಿ. ಅಂದರೆ ಬರಹ, ಅನುಭೋಗ ಮತ್ತು ಕಂಡವರ ಮಾತು. ಪ್ರತಿವಾದಿ ಉತ್ತರ ಕೊಟ್ಟ ಬಳಿಕ ವಾದಿಯು ತನ್ನ ಹಕ್ಕನ್ನು ಸಾಧಿಸುವ ಪ್ರಮಾಣವನ್ನು ‘ಸದ್ಯಃ’, ಎಂದರೆ ಕೂಡಲೇ, ಬರೆಯಿಸಬೇಕೆಂದು ಅಲ್ಲಿ ವಿಧಿಸಲಾಗಿದೆ.

ಈ ಅವಸರವೇಕೆ? ಎದುರಾಳಿಗೆ ಮೊದಲು ತೋರಿಸದ ಪತ್ರವನ್ನು ಅವನು ಪರೀಕ್ಷಿಸಲಾರ. ಮೊಕದ್ದಮೆಯ ಗತಿಯನ್ನು ನೋಡಿಕೊಂಡು ಅದಕ್ಕೆ ತಕ್ಕ ಪತ್ರವನ್ನು ಸೃಷ್ಟಿಸುವವರೂ ಇರುತ್ತಾರೆ. ಆದ್ದರಿಂದ ಕಾಲದ ಕಟ್ಟುಪಾಡು ವಂಚನೆಯ ವಿರುದ್ಧ ಒಂದು ಬೇಲಿ.

ಆದರೆ ಬೇಲಿ ಕೆಲವೊಮ್ಮೆ ಬಡವನನ್ನೇ ಹೊರಗಿಡುತ್ತದೆ. ಬ್ರಿಟಿಷರ ಕಾಲದಲ್ಲಿ ಇಂಡಿ, ಸಿಂದಗಿ, ಬಾಗೇವಾಡಿ, ಮುದ್ದೇಬಿಹಾಳಗಳು ಮುಂಬಯಿ ಪ್ರಾಂತಕ್ಕೆ ಸೇರಿದ್ದವು. ಆ ಪ್ರಾಂತದಲ್ಲಿ ಸಾಲದ ಪತ್ರವೂ ಖಾತೆವಹಿಯೂ ಸಾವಕಾರನ ಪೆಟ್ಟಿಗೆಯಲ್ಲಿರುತ್ತಿದ್ದವು. ಹಣ ಮರಳಿಸಿದ ರೈತನ ಕೈಯಲ್ಲಿ ಎಷ್ಟೋ ಸಲ ರಸೀದಿಯೂ ಇರುತ್ತಿರಲಿಲ್ಲ. ಕೋರ್ಟಿಗೆ ಹೊತ್ತಿಗೆ ಸರಿಯಾಗಿ ಪತ್ರ ತರುತ್ತಿದ್ದವನು ಸಾವಕಾರನೇ. 1875ರ ಮೇ ತಿಂಗಳಲ್ಲಿ ಪುಣೆ ಜಿಲ್ಲೆಯ ಸುಪೆಯಲ್ಲಿ ಆರಂಭವಾದ ದಂಗೆಯಲ್ಲಿ ರೈತರು ಹುಡುಕಿ ಹುಡುಕಿ ಸುಟ್ಟದ್ದು ಈ ಸಾಲಪತ್ರಗಳನ್ನೇ.

ಸರಕಾರ ಪಾಠ ಕಲಿಯಿತು. 1879ರ ದಖನ್ ಕೃಷಿಕರ ಪರಿಹಾರ ಕಾಯಿದೆ ಮೊದಲು ಪುಣೆ, ಅಹಮದನಗರ, ಸಾತಾರಾ, ಸೊಲ್ಲಾಪುರ ಜಿಲ್ಲೆಗಳಿಗೆ ಅನ್ವಯವಾಯಿತು. ಮುಂದೆ ಪ್ರಾಂತದ ಉಳಿದ ಜಿಲ್ಲೆಗಳಿಗೂ ಹಬ್ಬಿತು. ಪತ್ರದಲ್ಲಿ ಬರೆದ ಮೊತ್ತವನ್ನೇ ನಂಬದೆ, ವ್ಯವಹಾರದ ಪೂರ್ವೇತಿಹಾಸವನ್ನು ನ್ಯಾಯಾಧೀಶರು ಕೆದಕಿ ನೋಡಬೇಕೆಂದು ಅದು ವಿಧಿಸಿತು. ರೈತನಿಗೆ ರಸೀದಿಯ ಹಕ್ಕನ್ನೂ ಸಾವಕಾರನಿಂದ ವರ್ಷದ ಲೆಕ್ಕ ಕೇಳುವ ಹಕ್ಕನ್ನೂ ಕೊಟ್ಟಿತು. ಕಾಗದವನ್ನು ಹೊತ್ತಿಗೆ ತಾ ಎನ್ನುವ ಮೊದಲು ಆ ಕಾಗದ ಅವನ ಕೈಸೇರುವಂತೆ ನೋಡಬೇಕು ಎಂಬುದು ಅದರ ತಿರುಳು.

1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯೂ ದಸ್ತಾವೇಜುಗಳನ್ನು ಮೊದಲ ವಿಚಾರಣೆಯಲ್ಲೇ ಹಾಜರುಪಡಿಸಬೇಕೆಂದಿತು. ತಡವಾದರೆ ಸೂಕ್ತ ಕಾರಣ ತೋರಿಸಬೇಕಿತ್ತು. ಆದರೆ ಕೋರ್ಟುಗಳು ಉದಾರವಾದವು. ಕಾರಣ ಹೇಳುವುದು ವಾಡಿಕೆಯಾಯಿತು, ವಾಯಿದೆಗಳು ಬೆಳೆದವು.

2015ರ ವಾಣಿಜ್ಯ ನ್ಯಾಯಾಲಯಗಳ ಕಾಯಿದೆ ಈ ಸಡಿಲವನ್ನು ಬಿಗಿಗೊಳಿಸಿತು. ಆರಂಭದಲ್ಲಿ 1 ಕೋಟಿ ರೂಪಾಯಿಯಿದ್ದ ಮೌಲ್ಯಮಿತಿ 2018ರಲ್ಲಿ 3 ಲಕ್ಷಕ್ಕಿಳಿದುದರಿಂದ ತಾಲ್ಲೂಕು ಪೇಟೆಯ ವರ್ತಕನೂ ಅದರ ವ್ಯಾಪ್ತಿಗೆ ಬಂದ. ವಾದಿಯು ತನ್ನಲ್ಲಿರುವ ಎಲ್ಲ ದಸ್ತಾವೇಜುಗಳನ್ನೂ ದಾವೆಯೊಂದಿಗೇ ಸಲ್ಲಿಸಬೇಕು. ತುರ್ತಾಗಿ ದಾವೆ ಹೂಡಿದವನು ಕೋರ್ಟಿನ ಅನುಮತಿ ಪಡೆದು 30 ದಿನಗಳೊಳಗೆ ಉಳಿದವನ್ನು ಕೊಡಬಹುದು. ಆ ಬಳಿಕ, ಮೊದಲೇ ಏಕೆ ಕೊಡಲಿಲ್ಲ ಎಂಬುದಕ್ಕೆ ತಕ್ಕ ಕಾರಣ ಬೇಕು. ದಾವೆ ಹೂಡುವಾಗ ಕೈಯಲ್ಲೇ ಇದ್ದ ಕಾಗದಕ್ಕೂ ಆಮೇಲೆ ಸಿಕ್ಕ ಕಾಗದಕ್ಕೂ ಒಂದೇ ಅಳತೆಗೋಲಲ್ಲವೆಂದು 2021ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟಪಡಿಸಿತು. ಪ್ರತಿವಾದಿಯ ಸ್ಥಿತಿ ಇನ್ನೂ ಕಠಿಣ: ಸಮನ್ಸ್ ತಲುಪಿ 120 ದಿನ ಕಳೆದರೆ ಅವನು ಲಿಖಿತ ಹೇಳಿಕೆ ಸಲ್ಲಿಸುವ ಹಕ್ಕನ್ನೇ ಕಳೆದುಕೊಳ್ಳುತ್ತಾನೆ.

ಇದೇ ಕಾಯಿದೆಯಲ್ಲಿ ಇನ್ನೊಂದು ಮಾತೂ ಇದೆ. ಅದು ಅಷ್ಟಾಗಿ ಪ್ರಚಾರಕ್ಕೆ ಬಂದಿಲ್ಲ. ಉಭಯ ಪಕ್ಷಗಳೂ ತಮಗೆ ಅನುಕೂಲವಾದ ಪತ್ರಗಳನ್ನಷ್ಟೇ ಅಲ್ಲ, ಪ್ರತಿಕೂಲವಾದವನ್ನೂ ಬಹಿರಂಗಪಡಿಸಬೇಕು. ಸಾವಕಾರನ ಪೆಟ್ಟಿಗೆಯನ್ನು ತೆರೆಸುವ ಹಳೆಯ ಆಶಯವೇ ಇಲ್ಲಿ ಹೊಸ ರೂಪದಲ್ಲಿದೆ. ಕಾಲಮಿತಿಯನ್ನು ಕಟ್ಟುನಿಟ್ಟಾಗಿ ಎಣಿಸುವ ಕೋರ್ಟು ಈ ಕರ್ತವ್ಯವನ್ನೂ ಅಷ್ಟೇ ಕಟ್ಟುನಿಟ್ಟಾಗಿ ವಸೂಲು ಮಾಡಿದರೆ ಮಾತ್ರ ನಿಯಮ ಇಬ್ಬರಿಗೂ ಸಮವಾದೀತು.

ಇತ್ತ ನಮ್ಮ ವ್ಯಾಪಾರಿಯೂ ಒಂದು ವಿಷಯವನ್ನು ಮನಸ್ಸಿಗೆ ತಂದುಕೊಳ್ಳಬೇಕು. ಪೇಟೆಯ ಎಷ್ಟೋ ವ್ಯವಹಾರ ಇನ್ನೂ ಬಾಯಿಮಾತಿನಲ್ಲೇ ನಡೆಯುತ್ತದೆ. ನಂಬಿಗೆ ದೊಡ್ಡದು, ನಿಜ. ಆದರೆ ಲಾರಿ ಹೊರಡುವ ದಿನ ಬರೆಸಿಕೊಳ್ಳದ ಚೀಟಿಯನ್ನು ಮುಂದೆ ಯಾವ ವಕೀಲರೂ ತಂದುಕೊಡಲಾರರು. ಕೋರ್ಟಿನ 30 ದಿನ ದಾವೆ ಹೂಡಿದ ಮೇಲೆ ಶುರುವಾಗುತ್ತದೆ. ಕಾಗದದ ಹದ ಮಾತ್ರ ತೊಗರಿ ತೂಗಿದ ದಿನವೇ ಇರುತ್ತದೆ.