ಯುದ್ಧಕಾಲದ ಬೇಹುಗಾರಿಕೆಯ ಇತಿಹಾಸ ಸಂಶೋಧನೆ: ಲೇಪಾಕ್ಷಿ–ಪೆನುಕೊಂಡ ಸೀಮೆ

ವಿಜಯನಗರ, ಬಿಜಾಪುರ, ಮರಾಠರು, ಮೈಸೂರು, ನಿಜಾಮ, ಕೊನೆಗೆ ಇಂಗ್ಲಿಷ್ ಕಂಪನಿ, ಹೀಗೆ ಒಡೆಯರನ್ನು ಬದಲಿಸುತ್ತ ಬಂದ ಗಡಿಸೀಮೆ ಇದು. ಅಚ್ಯುತರಾಯನ ಕಾಲದ ಲೇಪಾಕ್ಷಿ ವೀರಭದ್ರ ದೇವಾಲಯದ ಕನ್ನಡ ಶಾಸನಗಳಲ್ಲಿ ದಾನ ದತ್ತಿಗಳ ವಿವರ ಸಿಗುತ್ತದೆ, ಬೇಹಿನವರ ಸುಳಿವು ಸಿಗುವುದಿಲ್ಲ. ಗುಟ್ಟಿನ ಕೆಲಸವನ್ನು ಯಾರೂ ಕಲ್ಲಿನಲ್ಲಿ ಕೆತ್ತಿಸಲಾರರು. ಹಾಗಾಗಿ ಸಂಶೋಧಕರು ಪರದೇಶಿಗಳ ಬರಹ, ಆಸ್ಥಾನದ ಕಥನ, ಸರ್ಕಾರಿ ಕಡತಗಳತ್ತ ಹೊರಳಬೇಕಾಯಿತು.

ರಾಬರ್ಟ್ ಸೀವೆಲ್ 1900ರಲ್ಲಿ ಪ್ರಕಟಿಸಿದ ವಿಜಯನಗರದ ಇತಿಹಾಸ ಇದಕ್ಕೆ ದಾರಿ ತೆರೆಯಿತು. ಅದರಲ್ಲಿ ಅನುವಾದಗೊಂಡ ತನ್ನ ಬರಹದಲ್ಲಿ ಪೋರ್ಚುಗೀಸ್ ಕುದುರೆ ವ್ಯಾಪಾರಿ ನೂನಿಜ್, ಕೃಷ್ಣದೇವರಾಯನ ರಾಯಚೂರು ದಂಡಯಾತ್ರೆಯಲ್ಲಿ (1520) ಸೈನ್ಯಕ್ಕಿಂತ ಮೂರು ನಾಲ್ಕು ಹರದಾರಿ ಮುಂದೆ 50,000 ಮಂದಿ ನಾಡನ್ನು ಬೇಹು ನೋಡುತ್ತ ಸಾಗಿದರೆಂದು ಬರೆಯುತ್ತಾನೆ. ಸಂಖ್ಯೆಯನ್ನು ನಂಬುವುದು ಕಷ್ಟ, ವ್ಯವಸ್ಥೆಯನ್ನು ನಂಬಬಹುದು. ಇನ್ನೊಂದು ಪ್ರಸಂಗ ಪರ್ಷಿಯನ್ ಇತಿಹಾಸಕಾರ ಫಿರಿಶ್ತಾನದು. ಫಿರೋಜ್ ಷಾ ಬಹಮನಿಯ ಕಡೆಯ ಖಾಜಿ ಸಿರಾಜ್ ಫಕೀರನ ವೇಷದಲ್ಲಿ ವಿಜಯನಗರದ ಶಿಬಿರ ಹೊಕ್ಕು, ನರ್ತಕಿಯೊಬ್ಬಳ ಮೇಳ ಸೇರಿ, ಕಠಾರಿ ಕುಣಿತದ ನಡುವೆ ರಾಯನ ಮಗನನ್ನು ಇರಿದನಂತೆ. ಫಿರಿಶ್ತಾ ಇದನ್ನು ಬರೆದದ್ದು ಸುಮಾರು ಎರಡು ಶತಮಾನಗಳ ನಂತರ, ಬಿಜಾಪುರದ ಆಶ್ರಯದಲ್ಲಿ. ಗೆದ್ದವರ ಕಡೆಯ ಈ ಕಥೆಯನ್ನು ಸಾಕ್ಷ್ಯವೆಂದು ಎತ್ತಿಕೊಳ್ಳುವ ಮುನ್ನ ಸಂಶೋಧಕ ತಡೆದು ಯೋಚಿಸಲೇಬೇಕು.

ಹೆಚ್ಚು ಚರ್ಚೆಗೆ ಒಳಗಾದದ್ದು ತೆಲುಗಿನ ‘ರಾಯವಾಚಕಮು’. ಸುಲ್ತಾನರ ಬೀಡುಗಳಿಗೆ ಹೋಗಿಬಂದ ಚಾರರು ಕೃಷ್ಣದೇವರಾಯನಿಗೆ ಒಪ್ಪಿಸುವ ವರದಿಗಳು ಅದರಲ್ಲಿವೆ. ಸ್ಥಾನಾಪತಿಯೊಬ್ಬ (ಆಸ್ಥಾನದಲ್ಲಿನ ಪ್ರತಿನಿಧಿ) ತನ್ನ ನಾಯಕನಿಗೆ ಕಳಿಸಿದ ಸುದ್ದಿಯ ರೂಪದಲ್ಲಿ ಕೃತಿ ಇರುವುದರಿಂದ ಬಹುಕಾಲ ಅದು ಸಮಕಾಲೀನ ದಾಖಲೆಯೆಂದೇ ನಡೆಯಿತು. ಫಿಲಿಪ್ ವ್ಯಾಗನರ್ 1993ರಲ್ಲಿ ಇಂಗ್ಲಿಷಿಗೆ ಅನುವಾದಿಸಿ, ಅದು 1600ರ ಆಸುಪಾಸಿನಲ್ಲಿ, ಮಧುರೆಯ ನಾಯಕರ ಆಸ್ಥಾನದಲ್ಲಿ ಹುಟ್ಟಿದ್ದೆಂದು ವಾದಿಸಿದರು. 1565ರ ತಾಳಿಕೋಟೆ ಕದನದ ಸೋಲಿನ ನಂತರ ಅರಸೊತ್ತಿಗೆ ಪೆನುಕೊಂಡಕ್ಕೆ ಬಂದಿತ್ತು. ಹಳೆಯ ರಾಜಧಾನಿ ಹಂಪಿ ಆಗಲೇ ನೆನಪಾಗಿತ್ತು. ಚಾರರ ಬಾಯಲ್ಲಿ ಕೇಳುವುದು ಆ ನಂತರದ ಕಾಲದ ಮಾತು. ಈ ಅಧ್ಯಯನ ಕ್ಷೇತ್ರದ ಬಹುಮುಖ್ಯ ತಿರುವು ಇದೇ.

ಕಂಪನಿಯ ಕಾಲಕ್ಕೆ ಕಾಗದಪತ್ರಗಳ ಕೊರತೆ ನೀಗುತ್ತದೆ. ಕಂಪನಿಯ ಸೇನಾಧಿಕಾರಿ ಥಾಮಸ್ ಮನ್ರೋ 1788ರಲ್ಲಿ ಅಲೆಕ್ಸಾಂಡರ್ ರೀಡ್‌ನ ಕೈಕೆಳಗೆ ಸೇನೆಯ ಬೇಹು ಇಲಾಖೆ ಸೇರಿದ. ಟಿಪ್ಪುವಿನ ವಿರುದ್ಧದ ಮೂರನೆಯ ಯುದ್ಧ ಮುಗಿದ ಮೇಲೆ, 1792ರಲ್ಲಿ, ಇಬ್ಬರೂ ಟಿಪ್ಪುವಿನಿಂದ ಕಂಪನಿಗೆ ಬಂದ ಬಾರಾಮಹಲ್ ಸೀಮೆಯ ಕಂದಾಯ ಅಧಿಕಾರಿಗಳಾದರು. ನಿಜಾಮನು ಬಿಟ್ಟುಕೊಟ್ಟ ದತ್ತಮಂಡಲಕ್ಕೆ 1800ರಲ್ಲಿ ಮನ್ರೋ ಕಲೆಕ್ಟರನಾಗಿ ಬಂದ; ಪೆನುಕೊಂಡದ ಸೀಮೆಯೂ ಅದರಲ್ಲಿತ್ತು. ಶತ್ರುವಿನ ನಾಡಿನ ದಾರಿ, ದವಸ, ಪಾಳೆಯಗಾರರ ಬಲವನ್ನು ತಿಳಿಯುವ ಅಭ್ಯಾಸ ಊರೂರಿನ ಜಮೀನು ಅಳೆಯುವ ಆಡಳಿತಕ್ಕೂ ಒದಗಿತೆಂದು ಭಾವಿಸಲು ಅವನ ಬದುಕೇ ಆಧಾರ. ವಿಜಯನಗರದ ಇತಿಹಾಸಕಾರರೂ ಆದ ಬರ್ಟನ್ ಸ್ಟೈನ್ 1989ರಲ್ಲಿ ಮನ್ರೋ ಕುರಿತು ಗ್ರಂಥವನ್ನೇ ಬರೆದರು.

ಕಂಪನಿಯ ಸರ್ವೇ ಅಧಿಕಾರಿ ಕಾಲಿನ್ ಮೆಕೆಂಜಿ ತನ್ನ ಸಹಾಯಕರಾದ ಕಾವಲಿ ಸೋದರರ ನೆರವಿನಿಂದ ಸಂಗ್ರಹಿಸಿದ ಕೈಫಿಯತ್ತುಗಳನ್ನು (ಊರೂರಿನ ಸ್ಥಳೀಯ ವೃತ್ತಾಂತಗಳನ್ನು) ಕಂಪನಿಯ ಕಡತಗಳ ಪಕ್ಕದಲ್ಲಿಟ್ಟು ಓದಬೇಕು. ಕನ್ನಡ, ತೆಲುಗು ಎರಡನ್ನೂ ಬಲ್ಲ ಈ ಗಡಿಯ ಯುವ ಸಂಶೋಧಕರು ಆ ಕೆಲಸಕ್ಕೆ ಕೈಹಾಕಲಿ.