ಗಾಳಿ ಮತ್ತು ಮಾಟ

ನಾಯಂಡಹಳ್ಳಿ ಜಂಕ್ಷನ್ನಿನಿಂದ ಮೈಸೂರು ರಸ್ತೆ ಹಿಡಿದು ಪೇಟೆ ಕಡೆ ಹೊರಟರೆ ಬ್ಯಾಟರಾಯನಪುರದಲ್ಲಿ ಗಾಳಿ ಆಂಜನೇಯನ ಗುಡಿ ಸಿಗುತ್ತದೆ. ಮಗು ರಾತ್ರಿ ಬೆಚ್ಚಿಬಿದ್ದು ಅತ್ತರೆ, ಸೊಸೆ ಊಟ ಬಿಟ್ಟು ಮಂಕಾಗಿ ಕೂತರೆ ಈ ಸೀಮೆಯ ಹಿರಿಯರ ಬಾಯಲ್ಲಿ ಬರುವುದು ಒಂದೇ ಮಾತು: "ಗಾಳಿ ಸೋಕೈತೆ, ಅಂತ್ರ ಕಟ್ಟಿಸ್ಕಂಡ್ ಬನ್ನಿ." ಸೋಕುವುದೂ ಗಾಳಿ, ಬಿಡಿಸುವವನೂ ಗಾಳಿಯ ಮಗನೇ.

ಇದು ಕನ್ನಡದ ಸ್ವಂತ ಕಲ್ಪನೆಯೇನಲ್ಲ. ತೆಲುಗರಿಗೂ 'ಗಾಲಿ' ಸೋಕುತ್ತದೆ, ತಮಿಳರಲ್ಲಿ 'ಕಾತ್ತು ಕರುಪ್ಪು' ಇದೆ, ಉರ್ದುವಿನಲ್ಲಿ 'ಊಪ್ರೀ ಹವಾ'. ಕಣ್ಣಿಗೆ ಕಾಣದೆ ಮೈಗೆ ತಾಗುವುದಕ್ಕೆ ಎಲ್ಲರಿಗೂ ಹೊಳೆದದ್ದು ಗಾಳಿಯೇ. ಅದರ ಜೊತೆಗಿದ್ದ 'ಸೋಂಕು' ಮಾತ್ರ ದೆವ್ವದ ಸಹವಾಸ ಬಿಟ್ಟು ಆರೋಗ್ಯ ಇಲಾಖೆ ಸೇರಿತು. 2020ರಲ್ಲಿ ಕೊರೊನಾ ಸೋಂಕಿತರ ಪಟ್ಟಿ ದಿನವೂ ಪತ್ರಿಕೆಯಲ್ಲಿ ಬಂತು.

ದೆವ್ವದ ಕತೆಗಳ ಇತಿಹಾಸ ಹುಡುಕುವವರಿಗೆ ಈ ಗಾಳಿ ಸುಲಭವಾಗಿ ಕೈಗೆ ಸಿಗುವುದಿಲ್ಲ. ಗಾಳಿ ಆಂಜನೇಯನನ್ನು 1425ರಲ್ಲಿ ವ್ಯಾಸರಾಯರು ಪ್ರತಿಷ್ಠಾಪಿಸಿದರು ಎಂಬ ಮಾತಿದೆ. ವ್ಯಾಸರಾಯರು ಹುಟ್ಟಿದ್ದೇ 1460ರ ಸುಮಾರಿಗೆ. 732 ಹನುಮಂತರನ್ನು ನಿಲ್ಲಿಸಿದರೆಂದು ಸಂಪ್ರದಾಯ ಹೇಳುವ ಯತಿಗಳ ಹೆಸರಿಗೆ ಇನ್ನೊಂದು ಗುಡಿ ಸೇರಿಕೊಳ್ಳುವುದು ಸಹಜ, ಇಸವಿ ಮಾತ್ರ ಹೊಂದುವುದಿಲ್ಲ. 1990ರ ದಶಕದ 'ನಾಳೆ ಬಾ' ಗಾಳಿಸುದ್ದಿಯ ಪಾಡೂ ಇಷ್ಟೇ. ಮನೆಯವರ ದನಿಯಲ್ಲೇ ಕರೆದು ಬಾಗಿಲು ತಟ್ಟುವ ಹೆಣ್ಣು ದೆವ್ವಕ್ಕೆ ಹೆದರಿ ಬೆಂಗಳೂರಿನ ಎಷ್ಟೋ ಮನೆಗಳವರು ಬಾಗಿಲ ಮೇಲೆ ಆ ಎರಡು ಪದ ಬರೆದರು. ಆ ಬಾಗಿಲುಗಳೇ ದಾಖಲೆ, ಬಣ್ಣ ಹೊಡೆದಲ್ಲೆಲ್ಲ ಅದೂ ಹೋಯಿತು.

ನನ್ನನ್ನು ಹೆಚ್ಚು ಕಾಡುವುದು ಗಾಳಿಯ ನೆರೆಯಲ್ಲೇ ಇರುವ 'ಮಾಟ'. ಮಾಡು ಎಂಬುದರಿಂದ ಬಂದ ಪದ ಅದು, ಮೂಲದಲ್ಲಿ ಕೆಡುಕಿನದಲ್ಲ. ಚೆಂದದ ಮೂಗನ್ನು ಇವತ್ತಿಗೂ ಮಾಟವಾದ ಮೂಗು ಅನ್ನುತ್ತೇವೆ. ಆದರೆ ಮಾಟವೆಂದರೆ ಮಾಡಿದವರೊಬ್ಬರು ಇರಲೇಬೇಕು. ಗಾಳಿ ಸೋಕಿತು ಎಂದಾಗ ಹುಣಸೆಮರಕ್ಕೋ ಹೊತ್ತಲ್ಲದ ಹೊತ್ತಿಗೋ ದೂರು ಹೋಗುತ್ತದೆ. "ಯಾರೋ ಮಾಡ್ಸವ್ರೆ" ಎಂದ ಕೂಡಲೇ ಮಾಡಿಸಿದವರ ಹುಡುಕಾಟ ಶುರು: ಜಗಳವಾಡಿದ ಓರಗಿತ್ತಿ, ಜಮೀನಿನ ಪಾಲು ಕೇಳಿದ ದಾಯಾದಿ, ಒಂಟಿಯಾಗಿರುವ ವಿಧವೆ. ಬೀದರ್, ಕಲಬುರಗಿ ಕಡೆ ಇದೇ ಗುಮಾನಿಗೆ 'ಭಾನಾಮತಿ' ಎಂದು ಹೆಸರು.

ಹಾಗೆಂದು ಗಾಳಿ ನಿರಪರಾಧಿಯಲ್ಲ. ಮಾಟದ ಏಟು ನೆರೆಯವರಿಗೆ ಬಿದ್ದರೆ, ಗಾಳಿ ಬಿಡಿಸುವ ಬೇವಿನ ಬರಲಿನ ಏಟು ನರಳುತ್ತಿರುವವಳ ಬೆನ್ನಿಗೇ. 2017ರಲ್ಲಿ ಅಂಗೀಕಾರವಾಗಿ 2020ರ ಜನವರಿಯಲ್ಲಿ ಜಾರಿಗೆ ಬಂದ ರಾಜ್ಯದ ಕಾಯ್ದೆ ದೆವ್ವ ಬಿಡಿಸುವ ನೆಪದ ಹಿಂಸೆಯನ್ನು ಅಪರಾಧವೆಂದಿದೆ. ಶಿಕ್ಷೆ 1ರಿಂದ 7 ವರ್ಷ. ಅದಕ್ಕೂ ಎಷ್ಟೋ ಮೊದಲು, 1976ರಲ್ಲಿ, ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಎಚ್. ನರಸಿಂಹಯ್ಯನವರು ಪವಾಡ, ಮೂಢನಂಬಿಕೆಗಳನ್ನು ಪರೀಕ್ಷಿಸಲು ಸಮಿತಿ ಮಾಡಿದ್ದರು. ನಿಜವೇ ಸುಳ್ಳೇ ಎಂಬ ಅವರ ಪ್ರಶ್ನೆ ಬೇಕಾದದ್ದೇ.

ಅದರ ಜೊತೆಗೆ ಇನ್ನೊಂದನ್ನೂ ಕೇಳಬೇಕು. ನಾಯಂಡಹಳ್ಳಿಯ ಹಳೇ ಬೀದಿಯ ಅಜ್ಜಿಯರಿಂದ ಕತೆ ಬರೆದುಕೊಳ್ಳುವವರು ದೆವ್ವ ಎಲ್ಲಿ ಕಂಡಿತು ಎಂದಷ್ಟೇ ಕೇಳಿ ಎದ್ದು ಬರಬಾರದು. ಗಾಳಿ ಸೋಕಿತೆಂದ ಹೆಂಗಸಿಗೆ ಅದಕ್ಕೆ ಮೊದಲು ಏನಾಗಿತ್ತು, ಬಾಣಂತನವೇ, ಸಾವೇ, ಗಂಡನ ಹೊಡೆತವೇ? ಕೊನೆಗೆ ಬರಲು ಯಾರ ಮೇಲೆ ಎತ್ತಿದರು?